ದ್ವೀಪದಲ್ಲಿ ಅಡಗಿಕೊಂಡ ಫೆರ್ನಾಂವ್ ಲೋಪೆಸ್

(ಯೌವನಸ್ಥರ ಶನಿವಾರದ ಕೂಟದಲ್ಲಿ ಕೊಟ್ಟ ಸಂದೇಶದ ಬರಹ ರೂಪ)

ಕೂತ್ಕೊಳ್ಳಿ. ಬಾಗಿಲ ಹತ್ತಿರ ನಿಂತಿರೋರು ಮುಂದೆ ಬನ್ನಿ, ಇಲ್ಲಿ ಕುರ್ಚಿ ಖಾಲಿ ಇದಾವೆ. ಮುಂದೆ ಕೂತರೆ ಪ್ರಶ್ನೆ ಕೇಳ್ತೀನಿ ಅನ್ನೋ ಭಯ ಬೇಡ.

ಹೋದ ತಿಂಗಳು ನಾವು ಅಪೊಸ್ತಲರ ಕೃತ್ಯಗಳು 27ನೇ ಅಧ್ಯಾಯ ಓದಿದ್ವಿ. ಪೌಲನು ಇದ್ದ ಹಡಗು ಒಡೆದುಹೋಯಿತು. ಅದರಲ್ಲಿದ್ದ 276 ಮಂದಿ, ಈಜು ಬರುವವರು ಈಜಿ, ಬಾರದವರು ಹಲಗೆ ಹಿಡಕೊಂಡು, ಮೆಲೀತೆ ದ್ವೀಪದ ದಡ ಸೇರಿದರು. ಅವತ್ತು ಕೂಟ ಮುಗಿದ ಮೇಲೆ ಒಬ್ಬ ತಮ್ಮ ನನ್ನ ಹತ್ತಿರ ಬಂದ. ಹಡಗು ಒಡೆದು ದ್ವೀಪ ಸೇರಿದವರ ಕಥೆ ಎಲ್ಲಾ ಒಂದೇ ಥರ ಇರ್ತಾವಲ್ಲ ಪಾಸ್ಟರ್ ಅಂದ. ರಾಬಿನ್ಸನ್ ಕ್ರೂಸೋ ಇರಲಿ, ಆ ವಾಲಿಬಾಲ್ ಜೊತೆ ಮಾತಾಡೋ ಸಿನಿಮಾ ಇರಲಿ, ಎಲ್ಲರೂ ದಡದಲ್ಲಿ ಕೂತು ಹಡಗು ಯಾವಾಗ ಬರುತ್ತೆ ಅಂತ ಕಾಯ್ತಾರೆ. ಹಡಗು ಬಂದಾಗ ಓಡಿಹೋಗಿ ಬಚ್ಚಿಟ್ಟುಕೊಂಡವನು ಯಾರಾದ್ರೂ ಇದ್ದಾನಾ ಅಂತ ಕೇಳಿದ. ತಮಾಷೆಗೆ ಕೇಳಿದ್ದು. ಆದರೆ ನನಗೆ ಆ ರಾತ್ರಿ ನಿದ್ದೆ ಬರಲಿಲ್ಲ. ಯಾಕಂದ್ರೆ ಅಂಥವನೊಬ್ಬ ಇದ್ದ. ಅವನ ಕಥೆ ಶುರುವಾಗೋದು ಎಲ್ಲೋ ದೂರದ ಸಮುದ್ರದಲ್ಲಿ ಅಲ್ಲ, ನಮ್ಮ ಕಡೆಯಲ್ಲೇ.

ನನ್ನ ಊರು ಕಲಘಟಗಿ. ನಿಮ್ಮಲ್ಲಿ ಬಹಳ ಜನಕ್ಕೆ ಗೊತ್ತಿರಲಿಕ್ಕಿಲ್ಲ. ಹುಬ್ಬಳ್ಳಿಯಿಂದ ಯಲ್ಲಾಪುರ, ಅಂಕೋಲಾ ಕಡೆ ಹೋಗೋ ಬಸ್ಸು ನಮ್ಮೂರ ಮೇಲೇ ಹಾದುಹೋಗುತ್ತೆ. ಬಣ್ಣದ ತೊಟ್ಟಿಲಿಗೆ ಹೆಸರಾದ ಊರು. ಅಲ್ಲಿ ಸಮುದ್ರ ಇಲ್ಲ. ನಾನು ಮೊದಲ ಸಲ ಸಮುದ್ರ ನೋಡಿದ್ದು ಒಂಬತ್ತನೇ ಕ್ಲಾಸಿನಲ್ಲಿ, ಕಾರವಾರದಲ್ಲಿ. ಆದರೆ ನಮ್ಮ ಮಂದಿಗೆ ಗೋವಾ ಅಂದರೆ ಪರದೇಶ ಅಲ್ಲ ನೋಡ್ರಿ. ಕೂಲಿಗೆ ಹೋಗ್ತಾರೆ, ಮೀನು ಅಲ್ಲಿಂದ ಬರುತ್ತೆ, ಲಾರಿ ಓಡಿಸ್ತಾರೆ. ಧಾರವಾಡದ ಕಡೆಯಿಂದ ಅನಮೋಡ ಘಾಟು ಇಳಿದು, ಫೋಂಡಾ ದಾಟಿ ಪಣಜಿಗೆ ಹೋಗುವಾಗ ಬನಸ್ತಾರಿ ಅಂತ ಒಂದು ಸೇತುವೆ ಸಿಗುತ್ತೆ. ನೀವು ಫ್ರೆಂಡ್ಸ್ ಜೊತೆ ಟ್ರಿಪ್ ಹೋಗಿದ್ರೆ ಆ ಸೇತುವೆ ದಾಟಿಯೇ ಇರ್ತೀರಿ, ಕಿಟಕಿಯಿಂದ ನೀರು ನೋಡಿ ಒಂದು ಫೋಟೋನೂ ತೆಗೆದಿರ್ತೀರಿ. ನಾನು ಇವತ್ತು ಹೇಳೋ ಮನುಷ್ಯನ ಮೂಗು, ಕಿವಿ, ಬಲಗೈ ಹೋಗೋದಕ್ಕೆ ಕಾರಣವಾದ ಯುದ್ಧ ನಡೆದದ್ದು ಆ ನೀರಿನ ಪಕ್ಕದಲ್ಲೇ, 1512ರಲ್ಲಿ.

ಅವನ ಹೆಸರು ಫೆರ್ನಾಂವ್ ಲೋಪೆಸ್. ಪೋರ್ಚುಗಲ್ ದೇಶದವನು, ಗೌರವಸ್ಥ ಮನೆತನ, ಸೈನಿಕ. ಅಲ್ಲಿ ಹೆಂಡತಿ ಮಕ್ಕಳು ಇದ್ದರು. ಅವರನ್ನು ಬಿಟ್ಟು ಹಡಗು ಹತ್ತಿ ಹಿಂದೂಸ್ಥಾನಕ್ಕೆ ಬಂದ. ಯಾಕೆ ಬಂದ? ನೀವು ಊರು ಬಿಟ್ಟು ಬೆಂಗಳೂರಿಗೆ ಯಾಕೆ ಬಂದ್ರಿ, ಅದಕ್ಕೇ. ದುಡ್ಡು, ಹೆಸರು, ಮನೆಯವರ ಮುಂದೆ ದೊಡ್ಡವನಾಗಿ ನಿಲ್ಲಬೇಕು ಅನ್ನೋ ಆಸೆ.

ಆ ಕಾಲ ಸ್ವಲ್ಪ ಹೇಳ್ತೀನಿ. ವಿಜಯನಗರದಲ್ಲಿ ಆಗ ಕೃಷ್ಣದೇವರಾಯ ಪಟ್ಟದಲ್ಲಿದ್ದ. ಗೋವಾ ಬಿಜಾಪುರದ ಆದಿಲ್ ಶಾಹಿಗಳ ಕೈಯಲ್ಲಿತ್ತು. (ಸ್ಕೂಲ್ ಟ್ರಿಪ್‌ನಲ್ಲಿ ನೋಡಿದ ಗೋಲಗುಮ್ಮಟ ನೆನಪಿಸ್ಕೋಬೇಡಿ, ಅದು ಕಟ್ಟಿದ್ದು ಇನ್ನೂ ನೂರು ವರ್ಷದ ಮೇಲೆ.) ಅರಬ್ ದೇಶದ ಕುದುರೆಗಳು ಗೋವಾ ಬಂದರಿಗೆ ಬಂದು ಇಳಿಯುತ್ತಿದ್ದವು, ಬಿಜಾಪುರಕ್ಕೂ ಬೇಕು, ವಿಜಯನಗರಕ್ಕೂ ಬೇಕು. ಆ ಬಂದರು ಯಾರ ಕೈಯಲ್ಲಿದೆಯೋ ಅವರ ಕೈಯಲ್ಲಿ ಕುದುರೆ, ಕುದುರೆ ಯಾರ ಕೈಯಲ್ಲಿದೆಯೋ ಅವರ ಕೈಯಲ್ಲಿ ಯುದ್ಧ. ಹೊನ್ನಾವರದ ಕಡೆಯ ತಿಮ್ಮಯ್ಯ ಅನ್ನೋ ಸಮುದ್ರ ಸೇನಾನಿ, ಪೋರ್ಚುಗೀಸರು ತಿಮೋಜ ಅಂತ ಕರೆದವನು, ಗೋವಾ ಹಿಡೀರಿ ಅಂತ ಅವರಿಗೆ ದಾರಿ ತೋರಿಸಿದ. ಪೋರ್ಚುಗೀಸರ ಗವರ್ನರ್ ಅಫೊನ್ಸೊ ದೆ ಆಲ್ಬುಕರ್ಕ್ 1510ರ ಆರಂಭದಲ್ಲಿ ಗೋವಾ ಹಿಡಿದ, ಕೆಲವೇ ತಿಂಗಳಲ್ಲಿ ಕಳಕೊಂಡ, ಮತ್ತೆ ನವೆಂಬರ್ 25ಕ್ಕೆ ಗೆದ್ದ. ಗೆದ್ದ ಮೇಲೆ ಊರಿನ ಮುಸಲ್ಮಾನರನ್ನು ಹೆಂಗಸರು ಮಕ್ಕಳು ಅಂತ ನೋಡದೆ ಕೊಲ್ಲಿಸಿದ. ಅವನ ಹಡಗಿನ ಪಟದ ಮೇಲೆ ಶಿಲುಬೆ ಇತ್ತು. ಇದನ್ನ ನಾನು ಮುಚ್ಚಿಟ್ಟು ಹೇಳೋದಿಲ್ಲ. ಯೇಸುವಿನ ಹೆಸರು ಹಿಡಕೊಂಡು ಮನುಷ್ಯರು ಮಾಡಿದ್ದು ಯೇಸು ಮಾಡಿದ್ದಲ್ಲ, ಆದರೆ ಅದನ್ನ ನಾವು ಓದಿ ತಿಳಕೊಂಡಿರಬೇಕು.

1511ರಲ್ಲಿ ಆಲ್ಬುಕರ್ಕ್ ಮಲಾಕ್ಕಾ ಹಿಡಿಯಲಿಕ್ಕೆ ಪೂರ್ವಕ್ಕೆ ಹೋದ. ಗೋವಾದಲ್ಲಿ ಬಿಟ್ಟುಹೋದ ದಂಡು ಚಿಕ್ಕದು. ಅವನು ಅತ್ತ ಹೋದದ್ದೇ ತಡ, ಬಿಜಾಪುರದ ಸೈನ್ಯ ಬಂದು ಬನಸ್ತಾರಿಯಲ್ಲಿ ಕೋಟೆ ಕಟ್ಟಿ ಕೂತಿತು. ಪೋರ್ಚುಗೀಸರಿಗೆ ಒಳಗೆ ಹಸಿವು, ಹೊರಗೆ ಶತ್ರು. ಆಗ ಒಂದಿಷ್ಟು ಪೋರ್ಚುಗೀಸ್ ಸೈನಿಕರು ರಾತ್ರೋರಾತ್ರಿ ಗಡಿ ದಾಟಿ ಬಿಜಾಪುರದ ಕಡೆ ಸೇರಿಕೊಂಡರು. ಅವರಲ್ಲಿ ಲೋಪೆಸ್ ಇದ್ದ. ಅವರು ಧರ್ಮ ಬದಲಾಯಿಸಿದರು, ಕೆಲವರು ಅಲ್ಲೇ ಮದುವೆ ಆದರು. ತಾವು ನಿನ್ನೆವರೆಗೂ ಯಾರ ಜೊತೆ ಉಂಡಿದ್ದರೋ ಅವರ ಮೇಲೆ ಕತ್ತಿ ಎತ್ತಿದರು.

ಇಲ್ಲಿ ಒಂದು ಮಾತು. ಲೋಪೆಸ್ ಮುಸಲ್ಮಾನನಾದ ಅನ್ನೋದನ್ನ ಹಿಡಕೊಂಡು ಯಾರ ಮೇಲೂ ಬೆರಳು ತೋರಿಸೋ ಸಂದೇಶ ಇದಲ್ಲ. ನೀವು ಮುಂದೆ ನೋಡ್ತೀರಿ, ಈ ಕಥೆಯಲ್ಲಿ ಅವನ ಜೀವಕ್ಕೋಸ್ಕರ ಬಾಯಿ ತೆರೆದ ಮೊದಲನೇ ಮನುಷ್ಯ ಒಬ್ಬ ಮುಸಲ್ಮಾನ ಸೇನಾಪತಿ. ಲೋಪೆಸ್‌ನ ಮನಸ್ಸನ್ನ ಮುಂದೆ ಮೂವತ್ತು ವರ್ಷ ತಿಂದದ್ದು ಬೇರೆ. ನಂಬಿದವರನ್ನ ಅವರ ಹಸಿವಿನ ದಿನದಲ್ಲಿ ಬಿಟ್ಟುಹೋದೆ ಅನ್ನೋದು.

ಈಗ ಆಲ್ಬುಕರ್ಕ್ ಕಡೆ ಬರೋಣ. ಮಲಾಕ್ಕಾ ಗೆದ್ದು ವಾಪಸ್ ಬರುವಾಗ, 1511ರ ನವೆಂಬರ್‌ನಲ್ಲಿ, ಸುಮಾತ್ರಾ ದ್ವೀಪದ ಹತ್ತಿರ ಅವನ ಹಡಗು ಬಂಡೆಗೆ ಬಡಿದು ಒಡೆಯಿತು. ಹಡಗಿನ ಹೆಸರು ಫ್ಲೋರ್ ದೊ ಮಾರ್, ಸಮುದ್ರದ ಹೂ ಅಂತ ಅರ್ಥ. ಮಲಾಕ್ಕಾದಲ್ಲಿ ದೋಚಿದ ಚಿನ್ನ, ರತ್ನ ಎಲ್ಲಾ ನೀರುಪಾಲು. ಆ ಗವರ್ನರ್ ಸಾಹೇಬ ಬದುಕಿದ್ದು ಹಲಗೆ ಕಟ್ಟಿ ಮಾಡಿದ ತೆಪ್ಪದ ಮೇಲೆ. ಯೋಚನೆ ಮಾಡಿ ಪ್ರಿಯರೇ. ರಾತ್ರಿ, ಕಗ್ಗತ್ತಲು, ಕೈಯಲ್ಲಿ ಒಂದು ಹಲಗೆ. ದೇವರು ಅವನ ಪ್ರಾಣ ಉಳಿಸಿದ. ಅಂಥ ಮನುಷ್ಯ ದಡ ಸೇರಿದ ಮೇಲೆ ಇನ್ನೊಬ್ಬನಿಗೆ ಕರುಣೆ ತೋರಿಸ್ತಾನೆ ಅಂತ ನಿಮಗೆ ಅನಿಸುತ್ತೆ, ಅಲ್ವಾ? ಹತ್ತು ಸಾವಿರ ತಲಾಂತು ಸಾಲ ಮನ್ನಾ ಆದವನ ಸಾಮ್ಯ ಗೊತ್ತಲ್ಲ ನಿಮಗೆ. ಮತ್ತಾಯ 18. ಹೊರಗೆ ಬಂದವನೇ ನೂರು ಹಣ ಕೊಡಬೇಕಾದವನ ಕುತ್ತಿಗೆ ಹಿಡಿದ.

1512ರಲ್ಲಿ ಆಲ್ಬುಕರ್ಕ್ ಗೋವಾಕ್ಕೆ ಬಂದು ಬನಸ್ತಾರಿಗೆ ಮುತ್ತಿಗೆ ಹಾಕಿದ. ಹೊಳೆಯ ಕಡೆಯಿಂದ ಹಡಗಿನ ತೋಪು, ನೆಲದ ಕಡೆಯಿಂದ ಸೈನ್ಯ. ಒಳಗಿದ್ದ ಸೇನಾಪತಿ ರಸೂಲ್ ಖಾನ್ ಇನ್ನು ಆಗೋದಿಲ್ಲ ಅಂತ ಸಂಧಿಗೆ ಬಂದ. ಪೋರ್ಚುಗೀಸರು ಹಾಕಿದ ಷರತ್ತಿನಲ್ಲಿ ಓಡಿಬಂದವರನ್ನ ಒಪ್ಪಿಸಬೇಕು ಅನ್ನೋದೂ ಒಂದು. ರಸೂಲ್ ಖಾನ್ ಹಿಂದೆಮುಂದೆ ನೋಡಿದ. ತನ್ನನ್ನು ನಂಬಿ ಬಂದವರು ಇವರು. ಕೊನೆಗೆ ಅವರ ಪ್ರಾಣ ತೆಗೆಯಬಾರದು ಅಂತ ಮಾತು ತಗೊಂಡು ಒಪ್ಪಿಸಿದ. ಆಲ್ಬುಕರ್ಕ್ ಮಾತು ಕೊಟ್ಟ.

ಮಾತು ಉಳಿಸಿಕೊಂಡ, ಕೊಲ್ಲಲಿಲ್ಲ. ಊರ ಮಂದಿ ಎದುರಿಗೆ ಅವರ ತಲೆಗೂದಲು, ಗಡ್ಡ ಕಿತ್ತರು. ಮೂಗು ಕೊಯ್ದರು, ಕಿವಿ ಕೊಯ್ದರು, ಬಲಗೈ ಕಡಿದರು, ಎಡಗೈಯ ಹೆಬ್ಬೆರಳು ಕಡಿದರು. ಕೊಟ್ಟ ಮಾತಿನ ಅಕ್ಷರ ಉಳೀತು, ಕರುಣೆ ಉಳೀಲಿಲ್ಲ.

ನಮ್ಮೂರಲ್ಲಿ ನನ್ನ ಕಾಕಾ ಒಬ್ಬರ ಕೈ ರಾಶಿ ಮಷಿನ್ನಿಗೆ ಸಿಕ್ಕು ಹೋಯ್ತು, ಮಣಿಕಟ್ಟಿನವರೆಗೆ. ನಾನು ಸಣ್ಣವನಿದ್ದಾಗ ಅವರು ಧೋತರ ಉಡೋದನ್ನ ನೋಡ್ತಾ ನಿಂತಿರ್ತಿದ್ದೆ. ಒಂದು ತುದಿ ಹಲ್ಲಲ್ಲಿ ಕಚ್ಚಿ ಹಿಡಿದು, ಇನ್ನೊಂದು ತುದಿ ಉಳಿದ ಕೈಲಿ ಸುತ್ತಿಕೊಳ್ಳೋರು. ಆದರೆ ಆ ಕೈಯಲ್ಲಿ ಹೆಬ್ಬೆರಳು ಇತ್ತು. ಇವತ್ತು ಮನೆಗೆ ಹೋಗಿ ಬಲಗೈ ಹಿಂದೆ ಕಟ್ಟಿಕೊಂಡು, ಎಡಗೈ ಹೆಬ್ಬೆರಳು ಒಳಗೆ ಮಡಚಿ, ಒಂದು ಚಪಾತಿ ಮುರಿದು ನೋಡಿ. ಅಂಗಿ ಗುಂಡಿ ಹಾಕಿ ನೋಡಿ. ಲೋಪೆಸ್‌ಗೆ ಉಳಿದದ್ದು ನಾಲ್ಕು ಬೆರಳು, ಹಿಡಿಯಲಿಕ್ಕೆ ಬಾರದ ನಾಲ್ಕು ಬೆರಳು. ಮುಖದ ಮೇಲೆ ಅವನ ಪಾಪ ಬರೆದಂಗಾಗಿತ್ತು. ಬೀದಿಗೆ ಬಂದರೆ ಎಲ್ಲರಿಗೂ ಓದಲಿಕ್ಕೆ ಬರುವಂಥ ಬರಹ.

1515ರ ಡಿಸೆಂಬರ್‌ನಲ್ಲಿ ಆಲ್ಬುಕರ್ಕ್ ಸತ್ತ, ಗೋವಾ ಕಣ್ಣಿಗೆ ಕಾಣುವಷ್ಟು ದೂರದಲ್ಲಿ, ಹಡಗಿನ ಮೇಲೇ. ತನ್ನ ಕೆಲಸಕ್ಕೆ ರಾಜ ಬೇರೆಯವನನ್ನ ಕಳಿಸಿದ ಅನ್ನೋ ಸುದ್ದಿ ಅವನಿಗೆ ಅಷ್ಟರಲ್ಲಿ ಮುಟ್ಟಿತ್ತು. ಅವನು ಹೋದ ಮೇಲೆ ಲೋಪೆಸ್ ಪೋರ್ಚುಗಲ್ಲಿಗೆ ಹೋಗೋ ಹಡಗು ಹತ್ತಿದ. ಮನೆಗೆ. ಹೆಂಡತಿ ಮಕ್ಕಳ ಹತ್ತಿರ.

ಆಗ ಸುಯೆಜ್ ಕಾಲುವೆ ಇಲ್ಲ. ಆಫ್ರಿಕಾ ಖಂಡ ಪೂರ್ತಿ ಸುತ್ತಿ ಹೋಗಬೇಕು, ತಿಂಗಳುಗಟ್ಟಲೆ ಪ್ರಯಾಣ. ದಾರಿಯಲ್ಲಿ ಕುಡಿಯೋ ನೀರಿಗೆ ಹಡಗು ಸಂತ ಹೆಲೆನಾ ಅನ್ನೋ ದ್ವೀಪದಲ್ಲಿ ನಿಂತಿತು. ಅಟ್ಲಾಂಟಿಕ್ ಸಮುದ್ರದ ನಡುವೆ 122 ಚದರ ಕಿಲೋಮೀಟರ್ ಬಂಡೆ, ಕಾಡು, ಕಣಿವೆ. ಆಫ್ರಿಕಾದ ದಡ ಅಲ್ಲಿಂದ ಸುಮಾರು 1,900 ಕಿಲೋಮೀಟರ್, ಅಂದರೆ ವಿಮಾನದ ದಾರಿಯಲ್ಲಿ ಬೆಂಗಳೂರಿಂದ ದೆಹಲಿಗೆ ಹೋಗೋದಕ್ಕಿಂತ ದೂರ. ಪೋರ್ಚುಗೀಸರು ಅದನ್ನ ಕಂಡಿದ್ದೇ 1502ರಲ್ಲಿ. ಮನುಷ್ಯರು ಒಬ್ಬರೂ ಇರಲಿಲ್ಲ. ಹೌದು, ಮುನ್ನೂರು ವರ್ಷದ ಮೇಲೆ ನೆಪೋಲಿಯನ್‌ನ ತಂದು ಇಟ್ಟದ್ದು ಇದೇ ದ್ವೀಪದಲ್ಲಿ. ಅವನನ್ನ ಬಲವಂತವಾಗಿ ತಂದರು, ಬಿಡುಗಡೆಗೆ ಹಂಬಲಿಸಿ ಹಂಬಲಿಸಿ 1821ರಲ್ಲಿ ಸತ್ತ. ಲೋಪೆಸ್‌ನ ಯಾರೂ ಇಳಿಸಲಿಲ್ಲ. ನೀರು ತುಂಬಿಕೊಳ್ಳಲಿಕ್ಕೆ ಇಳಿದವರ ಜೊತೆ ತಾನೂ ಇಳಿದು ಕಾಡಿನೊಳಗೆ ಹೋಗಿ ಅಡಗಿಕೊಂಡ. ಹುಡುಕಿದರು, ಸಿಗಲಿಲ್ಲ.

ಅರ್ಧ ದಾರಿ ಬಂದಾಗಿತ್ತಲ್ಲ, ಇನ್ನರ್ಧ ಯಾಕೆ ಹೋಗಲಿಲ್ಲ? ನನಗೆ ಗೊತ್ತು ಅನಿಸುತ್ತೆ. ಮನೆ ದೂರ ಇದ್ದಾಗ ಮನೆಗೆ ಹೋಗಬೇಕು ಅನಿಸುತ್ತೆ. ಹತ್ತಿರ ಬಂದಷ್ಟೂ ಬಾಗಿಲು ತೆರೆಯೋ ಮಕ್ಕಳ ಮುಖ ಕಾಣುತ್ತೆ. ಅಪ್ಪಾ, ನಿನ್ನ ಮುಖಕ್ಕೆ ಏನಾಯ್ತು ಅಂತ ಕೇಳಿದರೆ ಏನು ಹೇಳೋದು?

ಹಡಗಿನವರು ಕೆಟ್ಟವರಲ್ಲ. ಹೊರಡೋ ಮೊದಲು ದಡದಲ್ಲಿ ಒಂದು ಪೀಪಾಯಿ ಬಿಸ್ಕತ್ತು, ಒಣಗಿಸಿದ ಮಾಂಸದ ತುಂಡು, ಒಣಮೀನು, ಉಪ್ಪು, ಹಳೇ ಬಟ್ಟೆ ಇಟ್ಟು, ಬೆಂಕಿಯನ್ನೂ ಉಳಿಸಿ ಹೋದರು. ಇದನ್ನೆಲ್ಲಾ ಬರೆದಿಟ್ಟವನು ಗಾಸ್ಪರ್ ಕೊರೆಯಾ, ಆಲ್ಬುಕರ್ಕ್ ಹತ್ತಿರ ಬರವಣಿಗೆ ಕೆಲಸ ಮಾಡಿದವನು. ತನ್ನ ಯಜಮಾನ ಕೈ ಕಡಿಸಿದವನ ಕಥೆಯನ್ನ ಅವನು ಇಷ್ಟು ಕಾಳಜಿಯಿಂದ ಬರೆದಿದ್ದಾನೆ, ಬಿಸ್ಕತ್ತು ಉಪ್ಪು ಸಮೇತ. ನನಗೆ ಅದೇ ಒಂದು ಆಶ್ಚರ್ಯ.

ಲೋಪೆಸ್ ಆ ನಾಲ್ಕು ಬೆರಳಲ್ಲಿ ಒಂದು ದಿಬ್ಬ ತೋಡಿ ಗುಹೆ ಮಾಡಿಕೊಂಡ. ಬೆಂಕಿ ಆರದ ಹಾಗೆ ನೋಡಿಕೊಂಡ. ಕಾಡಿನ ಸೊಪ್ಪು ಕಿತ್ತು ಉಪ್ಪು ಹಾಕಿ ಕುದಿಸಿ ತಿಂದ. ಮಾತಾಡಲಿಕ್ಕೆ ಯಾರೂ ಇಲ್ಲ, ನೋಡಿ ಹೇಸಲಿಕ್ಕೂ ಯಾರೂ ಇಲ್ಲ. ಎರಡನೇದು ಅವನಿಗೆ ದೊಡ್ಡ ಸಮಾಧಾನ ಆಗಿರಬೇಕು.

ಮುಂದೆ ಇನ್ನೊಂದು ಹಡಗು ಬಂತು. ಪಟ ಕಂಡ ಕೂಡಲೇ ಓಡಿ ಅಡಗಿದ. ಆ ತಮ್ಮ ಕೇಳಿದನಲ್ಲ, ಹಡಗು ಬಂದಾಗ ಬಚ್ಚಿಟ್ಟುಕೊಂಡವನು. ಇವನೇ. ದಡಕ್ಕೆ ಇಳಿದ ನಾವಿಕರಿಗೆ ಗುಹೆ ಸಿಕ್ಕಿತು, ಹುಲ್ಲಿನ ಹಾಸಿಗೆ ಸಿಕ್ಕಿತು. ಬಟ್ಟೆ ನೋಡಿ ನಮ್ಮ ದೇಶದವನೇ ಅಂತ ಗುರುತು ಹಿಡಿದರು. ಅವರು ಬಲೆ ಬೀಸಲಿಲ್ಲ, ನಾಯಿ ಬಿಡಲಿಲ್ಲ. ಬಿಸ್ಕತ್ತು, ಚೀಸು, ತಿನ್ನೋ ಸಾಮಾನು ಇಟ್ಟು, ಒಂದು ಪತ್ರ ಬರೆದಿಟ್ಟರು. ಇನ್ನು ಮುಂದೆ ಹಡಗು ಬಂದರೆ ಹೆದರಿ ಅಡಗಬೇಡ, ನಿನಗೆ ಯಾರೂ ಕೆಡುಕು ಮಾಡೋದಿಲ್ಲ ಅನ್ನೋ ಅರ್ಥದ ಪತ್ರ.

ಇಲ್ಲಿ ನಾನು ನನ್ನ ವಿಷಯ ಹೇಳಬೇಕು. ಕೆಲವರಿಗೆ ಗೊತ್ತು, ಬಹಳ ಜನಕ್ಕೆ ಗೊತ್ತಿಲ್ಲ.

ನಾನು 22 ವರ್ಷದವನಿದ್ದಾಗ ಡಿಪ್ಲೊಮಾ ಮುಗಿಸಿ ಬೆಂಗಳೂರಿಗೆ ಬಂದೆ. ಒಂದು ಸಣ್ಣ ಸಭೆಗೆ ಹೋಗ್ತಿದ್ದೆ. ಯೌವನಸ್ಥರ ಕೂಟದ ದುಡ್ಡಿನ ಲೆಕ್ಕ ನನ್ನ ಕೈಗೆ ಕೊಟ್ಟರು. ಹಳ್ಳಿ ಹುಡುಗ, ಪ್ರಾಮಾಣಿಕ ಅಂತ. ಒಂದು ತಿಂಗಳು ರೂಮಿನ ಬಾಡಿಗೆಗೆ ಕಡಿಮೆ ಬಿತ್ತು, ಆ ಕವರಿನಿಂದ ತೆಗೆದೆ. ಸಂಬಳ ಬಂದ ಮೇಲೆ ಹಾಕೋಣ ಅಂತ. ಹಾಕಲಿಲ್ಲ. ಮತ್ತೆ ತೆಗೆದೆ. ಎಲ್ಲಾ ಸೇರಿ 6,400 ರೂಪಾಯಿ ಆಯ್ತು. ಇವತ್ತು ನಿಮಗೆ ಅದು ಒಂದು ಶೂ ರೇಟು. ಅವತ್ತು ನನಗೆ ಎರಡು ತಿಂಗಳ ಸಂಬಳ. ಲೆಕ್ಕ ಕೊಡಬೇಕಾದ ಭಾನುವಾರ ನಾನು ಸಭೆಗೆ ಹೋಗಲಿಲ್ಲ. ಮುಂದಿನ ವಾರವೂ ಹೋಗಲಿಲ್ಲ. ಎಂಟು ತಿಂಗಳು ಹೋಗಲಿಲ್ಲ. ಸಭೆಯವರು ರೂಮಿಗೆ ಬಂದು ಬಾಗಿಲು ತಟ್ಟಿದಾಗ ಲೈಟ್ ಆರಿಸಿ, ಉಸಿರು ಬಿಗಿಹಿಡಿದು, ನೆಲದ ಮೇಲೆ ಮಲಗಿರ್ತಿದ್ದೆ. ಹೊರಗೆ ಅವರು ಪ್ರಾರ್ಥನೆ ಮಾಡೋದು ಕೇಳಿಸ್ತಿತ್ತು. ಬೈದಿದ್ರೆ ಒಳ್ಳೇದಿತ್ತು ಅನಿಸ್ತಿತ್ತು.

ಒಂದು ರಾತ್ರಿ ಕೆಲಸ ಮುಗಿಸಿ ಬಂದಾಗ ಬಾಗಿಲ ಚಿಲಕಕ್ಕೆ ಒಂದು ಕೈಚೀಲ ನೇತುಹಾಕಿತ್ತು. ಒಳಗೆ ಜೋಳದ ರೊಟ್ಟಿ, ಶೇಂಗಾ ಚಟ್ನಿ. ಬೆಂಗಳೂರಿನಲ್ಲಿ ಜೋಳದ ರೊಟ್ಟಿ! ಜೊತೆಗೆ ಒಂದು ಚೀಟಿ, ಬಾಗಿಲು ತೆಗೆಯೋ ಅವಶ್ಯಕತೆ ಇಲ್ಲ, ಚೀಲ ಮಾತ್ರ ವಾಪಸ್ ಇಲ್ಲೇ ನೇತುಹಾಕು, ಮುಂದಿನ ವಾರ ಬೇಕು ಅಂತ ಬರೆದಿತ್ತು. ನಮ್ಮ ಸಭೆಯ ಒಬ್ಬ ಅಕ್ಕ, ಗಾರ್ಮೆಂಟ್ಸ್‌ನಲ್ಲಿ ಕೆಲಸ ಮಾಡೋರು. ದುಡ್ಡಿನ ವಿಷಯ ಅವರಿಗೆ ಗೊತ್ತಿತ್ತು. ಚೀಟಿಯಲ್ಲಿ ಅದರ ಒಂದು ಅಕ್ಷರ ಇರಲಿಲ್ಲ. ನಾನು ರೊಟ್ಟಿ ತಿಂದೆ. ಬಾಗಿಲು ತೆಗೆಯಲಿಲ್ಲ, ಇನ್ನೂ ಎಷ್ಟೋ ವಾರ ತೆಗೆಯಲಿಲ್ಲ. ಅದನ್ನೂ ಹೇಳ್ತೀನಿ, ರೊಟ್ಟಿ ತಿಂದ ಕೂಡಲೇ ಅತ್ತು ಓಡಿಬಂದೆ ಅಂತ ಸುಳ್ಳು ಸಾಕ್ಷಿ ಹೇಳಲಾರೆ. ಆದರೆ ಚೀಲ ಮಾತ್ರ ಪ್ರತಿ ವಾರ ವಾಪಸ್ ನೇತುಹಾಕ್ತಿದ್ದೆ.

ಲೋಪೆಸ್ ಕೂಡ ಪತ್ರ ಓದಿದ ಕೂಡಲೇ ಹೊರಗೆ ಬರಲಿಲ್ಲ. ಅವನಿಗೆ ದೇವರು ಬೇರೆ ಒಬ್ಬರನ್ನ ಕಳಿಸಿದರು.

ಪತ್ರ ಇಟ್ಟ ಆ ಹಡಗು ಹೊರಟಿತು. ಹಡಗಿನಿಂದ ಒಂದು ಹುಂಜ ನೀರಿಗೆ ಬಿತ್ತು. ಹಡಗಿನವರಿಗೆ ಒಂದು ಹೊತ್ತಿನ ಸಾರು ಹೋಯಿತು ಅಷ್ಟೇ, ಯಾರೂ ತಿರುಗಿ ನೋಡಲಿಲ್ಲ. ಅಲೆ ಅದನ್ನ ತಂದು ದಡಕ್ಕೆ ಹಾಕಿತು. ಈ ಕಥೆಯಲ್ಲಿ ಸಮುದ್ರದಿಂದ ಬದುಕಿ ದಡ ಸೇರಿದ ಎರಡನೇ ಜೀವ ಅದು, ಮೊದಲನೇದು ಆಲ್ಬುಕರ್ಕ್. ಲೋಪೆಸ್ ತೊಯ್ದು ನಡುಗೋ ಹುಂಜವನ್ನ ಎತ್ತಿಕೊಂಡ, ನಾವಿಕರು ಬಿಟ್ಟುಹೋದ ಅಕ್ಕಿ ಹಾಕಿದ. ಹಗಲೆಲ್ಲಾ ಅದು ಅವನ ಹಿಂದೆ ಹಿಂದೆ ತಿರುಗೋದು, ಕರೆದರೆ ಬರೋದು. ರಾತ್ರಿ ಗುಹೆಯಲ್ಲಿ ಅವನ ತಲೆಯ ಮೇಲ್ಗಡೆ ಕೂತು ಮಲಗೋದು.

ಹುಂಜಕ್ಕೆ ಅವನ ಮೂಗಿಲ್ಲದ ಮುಖ ನೋಡಿ ಏನೂ ಅನಿಸಲಿಲ್ಲ. ಇನ್ನೊಂದು, ನಂಬಿಕೆ ಕೆಡಿಸಿಕೊಂಡ ಇನ್ನೊಬ್ಬ ಮನುಷ್ಯ ಹುಂಜ ಕೂಗೋದು ಕೇಳಿ ಹೊರಗೆ ಹೋಗಿ ಬಿಕ್ಕಿ ಬಿಕ್ಕಿ ಅತ್ತ. ಪೇತ್ರ. ಲೋಪೆಸ್ ಕ್ರೈಸ್ತ ಮನೆಯಲ್ಲಿ ಬೆಳೆದವನು, ಆ ಕಥೆ ಅವನಿಗೆ ಗೊತ್ತಿತ್ತು. ದಿನಾ ಬೆಳಗ್ಗೆ ತಲೆಯ ಮೇಲೆ ಹುಂಜ ಕೂಗಿದಾಗ ಅವನಿಗೆ ಏನು ನೆನಪಾಗ್ತಿತ್ತೋ ಅಂತ ನಾನು ಬಹಳ ಸಲ ಯೋಚಿಸಿದ್ದೀನಿ.

ನಿಧಾನವಾಗಿ ಅವನು ಹಡಗಿನವರ ಹತ್ತಿರ ಮಾತಿಗೆ ಬಂದ. ಹೋಗಿಬರೋ ಹಡಗಿನವರಿಗೆಲ್ಲಾ ಅವನ ವಿಷಯ ಗೊತ್ತಾಯಿತು, ಏನಾದರೊಂದು ಇಟ್ಟು ಹೋಗೋರು. ಬೀಜ ತಂದರು, ದಾಳಿಂಬೆ ತಂದರು, ತಾಳೆ ಗಿಡ, ಬಾತುಕೋಳಿ, ಕೋಳಿ, ಗಬ್ಬದ ಹಂದಿ, ಆಡು. ನಾಲ್ಕು ಬೆರಳಿನ ಮನುಷ್ಯ ಆ ಕಣಿವೆಯಲ್ಲಿ ತೋಟ ಮಾಡಿದ. ನಾನು ಒಕ್ಕಲುತನದ ಮನೆಯಲ್ಲಿ ಹುಟ್ಟಿದವನು, ಎರಡು ಕೈ ಗಟ್ಟಿ ಇದ್ದೋರೇ ಕಳೆ ತೆಗೆಯುವಾಗ ಸಂಜೆಗೆ ಸೊಂಟ ಹಿಡಕೊಂಡು ಕೂಡ್ತಾರೆ. ಇವನು ಗುದ್ದಲಿ ಹೇಗೆ ಹಿಡಿದನೋ! ಕಂಕುಳಲ್ಲಿ ಒತ್ತಿ ಹಿಡಿದನೋ, ಮೊಂಡಗೈಗೆ ಕಟ್ಟಿಕೊಂಡನೋ. ಅಂತೂ ತೋಟ ಎದ್ದಿತು. ತಿಂಗಳುಗಟ್ಟಲೆ ಉಪ್ಪುಮಾಂಸ, ಬಿಸ್ಕತ್ತು ತಿಂದು ವಸಡಿನಿಂದ ರಕ್ತ ಸುರಿಸಿಕೊಂಡು ಬರೋ ನಾವಿಕರಿಗೆ, ಸ್ಕರ್ವಿ ಅಂತಾರಲ್ಲ ಆ ರೋಗದವರಿಗೆ, ಹಸಿ ಸೊಪ್ಪು, ಹಣ್ಣು ಅಂದರೆ ಜೀವ. ಯಾರನ್ನ ಹಸಿವಿನಲ್ಲಿ ಬಿಟ್ಟು ಓಡಿದನೋ ಆ ಮಂದಿಯ ಅಣ್ಣತಮ್ಮಂದಿರೇ ಅವನ ತೋಟದ ದಡಕ್ಕೆ ಬಂದು ಇಳಿಯುತ್ತಿದ್ದರು. (ಆಡುಗಳು ಮಾತ್ರ ಮುಂದೆ ಸಾವಿರ ಸಾವಿರ ಆಗಿ ಆ ದ್ವೀಪದ ಕಾಡನ್ನೇ ತಿಂದು ಹಾಕಿದವು. ಒಳ್ಳೇ ಮನಸ್ಸಿಂದ ತಂದದ್ದೆಲ್ಲಾ ಒಳ್ಳೇದೇ ಆಗುತ್ತೆ ಅಂತ ಹೇಳಲಿಕ್ಕೆ ಬರೋದಿಲ್ಲ.)

ಸುಮಾರು ಹತ್ತು ವರ್ಷ ಹೀಗೆ ಕಳೀತು. ಒಂದು ಹಡಗಿನಿಂದ ಜಾವಾ ದೇಶದ ಒಬ್ಬ ಗುಲಾಮ ಹುಡುಗ ತಪ್ಪಿಸಿಕೊಂಡು ದ್ವೀಪದಲ್ಲೇ ಉಳಿದ, ಲೋಪೆಸ್ ಜೊತೆಗೇ ಇದ್ದ. ಇಬ್ಬರೂ ಓಡಿಬಂದವರು, ಚೆನ್ನಾಗಿರಬಹುದಿತ್ತು. ಆದರೆ ಹೊಂದಲಿಲ್ಲ. ಕೊನೆಗೆ ಆ ಹುಡುಗನೇ ಬಂದವರಿಗೆ ಲೋಪೆಸ್ ಅಡಗಿದ್ದ ಜಾಗ ತೋರಿಸಿಕೊಟ್ಟ. ಒಮ್ಮೆ ಬಿಟ್ಟುಕೊಟ್ಟವನು ಈಗ ತಾನೇ ಬಿಟ್ಟುಕೊಡಲ್ಪಟ್ಟ. ಆ ಹುಡುಗನನ್ನ ಬೈಯೋಕೆ ನನಗೆ ಮನಸ್ಸಾಗೋದಿಲ್ಲ, ಗುಲಾಮಗಿರಿಯಿಂದ ಓಡಿದ ಮಗು, ಅವನಿಗೆ ಏನು ಆಸೆ ತೋರಿಸಿದರೋ.

ಸುದ್ದಿ ಲಿಸ್ಬನ್ ಅರಮನೆಗೆ ಮುಟ್ಟಿತ್ತು. ರಾಜ ಮೂರನೇ ಜಾನ್, ರಾಣಿ, ಇಬ್ಬರೂ ಈ ಮನುಷ್ಯನನ್ನ ನೋಡಬೇಕು ಅಂದರು. ಲೋಪೆಸ್ ಪೋರ್ಚುಗಲ್ಲಿಗೆ ಹೋದ. ಶಿಕ್ಷೆ ಆಗಲಿಲ್ಲ. ಆದರೆ ಅವನು ಅಲ್ಲಿಗೇ ನಿಲ್ಲಲಿಲ್ಲ. ರಾಜ ಕ್ಷಮಿಸಿದ್ದು ರಾಜದ್ರೋಹವನ್ನ. ಅವನ ಎದೆಯಲ್ಲಿದ್ದದ್ದು ಬೇರೆ ಭಾರ. ರೋಮಿಗೆ ಹೋಗಬೇಕು ಅಂತ ಬೇಡಿಕೊಂಡ. ಹೋಗಿ ಪೋಪ್ ಏಳನೇ ಕ್ಲೆಮೆಂಟ್ ಎದುರಿಗೆ ಮೊಣಕಾಲೂರಿ ತನ್ನ ಪಾಪ ಅರಿಕೆ ಮಾಡಿದ, ಕ್ಷಮೆ ಪಡೆದ. ನಮ್ಮ ಸಭೆಗಳಲ್ಲಿ ಪಾಪ ಅರಿಕೆಗೆ ಯಾರೂ ರೋಮಿಗೆ ಹೋಗೋದಿಲ್ಲ, ಆ ಚರ್ಚೆ ಇವತ್ತು ಬೇಡ. ಇಷ್ಟು ನೋಡಿ. ಹಡಗು ಕಂಡರೆ ಕಾಡಿಗೆ ಓಡ್ತಿದ್ದ ಮನುಷ್ಯ, ರೋಮಿನ ಬೀದಿಯಲ್ಲಿ, ಆ ಮುಖ ಹೊತ್ತುಕೊಂಡು, ಜನ ನೋಡ್ತಿರುವಾಗಲೇ ನಡಕೊಂಡು ಹೋದ. ನಾಲ್ಕು ಬೆರಳಲ್ಲಿ ತೋಟ ಮಾಡಿದ್ದಕ್ಕಿಂತ ಅದು ಕಷ್ಟದ ಕೆಲಸ ಅಂತ ನನಗೆ ಅನಿಸುತ್ತೆ.

ನಾನು ಆ 6,400 ರೂಪಾಯಿ ಹಿಡಕೊಂಡು ಸಭೆಗೆ ಹೋದ ದಿನ ಬಸ್ ಸ್ಟಾಪಿನಿಂದ ಬಾಗಿಲಿಗೆ ಇನ್ನೂರು ಹೆಜ್ಜೆ ಇರಲಿಲ್ಲ. ಎರಡು ಸಲ ವಾಪಸ್ ತಿರುಗಿದೆ. ಮೂರನೇ ಸಲ ಒಳಗೆ ಹೋದೆ. ಯಾರೂ ಆರಾಧನೆ ನಿಲ್ಲಿಸಿ ನನ್ನ ಕಡೆ ತಿರುಗಲಿಲ್ಲ. ಆ ಅಕ್ಕ ಮಾತ್ರ ಕೂತಲ್ಲೇ ಸ್ವಲ್ಪ ಸರಿದು ಜಾಗ ಮಾಡಿದರು. ಕೂಟ ಮುಗಿದ ಮೇಲೆ ನಾನು ಕವರ್ ಕೊಟ್ಟೆ, ಹಿರಿಯರು ಎಣಿಸಿದರು. ಹೌದು, ಎಣಿಸಿದರು, ಎಣಿಸಬೇಕು ಕೂಡ. ಕ್ಷಮೆ ಅಂದರೆ ಲೆಕ್ಕ ಇಲ್ಲ ಅಂತಲ್ಲ. ಮುಂದೆ ಬಹಳ ವರ್ಷ ನನ್ನ ಕೈಗೆ ದುಡ್ಡು ಕೊಡಲಿಲ್ಲ, ಅದೂ ಸರಿಯೇ.

ರೋಮಿನಲ್ಲಿ ಕ್ಷಮೆ ಸಿಕ್ಕ ಮೇಲೆ ಲೋಪೆಸ್ ಏನು ಕೇಳಿದ ಗೊತ್ತಾ? ವಾಪಸ್ ದ್ವೀಪಕ್ಕೆ ಕಳಿಸಿ ಅಂತ. ಕಳಿಸಿದರು.

ಮೊದಲ ಸಲ ಈ ಕಥೆ ಓದಿದಾಗ ನನಗೆ ಸಿಟ್ಟು ಬಂತು. ಎಲ್ಲಾ ಕ್ಷಮೆ ಸಿಕ್ಕ ಮೇಲೆ ಹೆಂಡತಿ ಮಕ್ಕಳ ಊರಲ್ಲಿ ಇರಬೇಕಿತ್ತಲ್ಲ? ಇದೇನು, ಮತ್ತೆ ಓಡಿಹೋಗೋದು? ರಾಬಿನ್ಸನ್ ಕ್ರೂಸೋ ಪುಸ್ತಕ ಬಂದದ್ದು 1719ರಲ್ಲಿ, ಇವನಿಗಿಂತ ಇನ್ನೂರು ವರ್ಷದ ಮೇಲೆ. ಅದಕ್ಕೆ ಪ್ರೇರಣೆ ಅಂತ ಹೇಳೋ ಅಲೆಗ್ಸಾಂಡರ್ ಸೆಲ್ಕರ್ಕ್ ಅನ್ನೋ ನಾವಿಕ, 1704ರಲ್ಲಿ ಕ್ಯಾಪ್ಟನ್ ಜೊತೆ ಜಗಳ ಮಾಡಿ ನನ್ನನ್ನ ಇಲ್ಲೇ ಇಳಿಸು ಅಂತ ಇಳಿದ. ಹಡಗು ಹೊರಡುವಾಗ ತಪ್ಪಾಯ್ತು, ಕರಕೊಂಡು ಹೋಗು ಅಂತ ಕೂಗಿದ, ಕ್ಯಾಪ್ಟನ್ ಕೇಳಲಿಲ್ಲ. ನಾಲ್ಕು ವರ್ಷ ನಾಲ್ಕು ತಿಂಗಳು ಒಬ್ಬನೇ ಇದ್ದ, ಜೊತೆಗೆ ಬೈಬಲ್ ಇತ್ತು, 1709ರಲ್ಲಿ ಹಡಗು ಬಂದಾಗ ಹೊರಟುಬಂದ. ನಮಗೆ ಅರ್ಥ ಆಗೋದು ಅಂಥ ಕಥೆ.

ಈಗ ವಯಸ್ಸಾದ ಮೇಲೆ ಸ್ವಲ್ಪ ಬೇರೆ ಥರ ಕಾಣುತ್ತೆ. ಮೊದಲ ಸಲ ದ್ವೀಪಕ್ಕೆ ಇಳಿದವನು ಕಳ್ಳನ ಹಾಗೆ ಕತ್ತಲೆಗೆ ಓಡಿದವನು. ಎರಡನೇ ಸಲ ಹೋದವನು ರಾಜನಿಗೆ ಹೇಳಿ, ಹಗಲಲ್ಲಿ ಹಡಗು ಹತ್ತಿ, ತನ್ನ ತೋಟಕ್ಕೆ ಹೋದವನು. ಜಾಗ ಅದೇ, ಮುಖ ಅದೇ, ಬೆರಳು ಬೆಳೆದಿರಲಿಲ್ಲ. ಆದರೂ ಅವನ ಹೆಂಡತಿಯ ಕಡೆಯಿಂದ ಯೋಚಿಸಿದರೆ ನನ್ನ ಹಳೇ ಸಿಟ್ಟು ಪೂರ್ತಿ ಹೋಗಿಲ್ಲ, ಅದನ್ನ ನಿಮ್ಮ ಮುಂದೆ ಮುಚ್ಚಿಡೋದಿಲ್ಲ.

ಅಲ್ಲೇ ಇದ್ದ. ಗಿಡ ನೆಟ್ಟ, ಕೋಳಿ ಸಾಕಿದ. ಹಡಗುಗಳು ಬಂದವು, ಹೋದವು. 1545ರಲ್ಲಿ ಅಲ್ಲೇ ಸತ್ತ. ನಡುವೆ ಊರಿಗೆ, ರೋಮಿಗೆ ಹೋಗಿಬಂದದ್ದು ಬಿಟ್ಟರೆ ಸುಮಾರು ಮೂವತ್ತು ವರ್ಷ ಆ ದ್ವೀಪವೇ ಅವನ ಮನೆ.

ಸಮಯ ಆಯ್ತು. ಕೀಬೋರ್ಡ್ ತಮ್ಮ, ಮೆಲ್ಲಗೆ ಶುರು ಮಾಡಪ್ಪಾ.

ಹಿಂದಿನ ಮೇಜಿನ ಮೇಲೆ ಖಾಲಿ ಚೀಟಿ, ಪೆನ್ನು ಇಟ್ಟಿದೀವಿ. ಈ ಕೂಟಕ್ಕೆ ಮೊದಲು ಬರ್ತಿದ್ದು ಈಗ ಬರದೇ ಇರೋರು ನಿಮಗೆ ಗೊತ್ತಿರ್ತಾರೆ, ನಿಮ್ಮ ಪಿ.ಜಿ.ಯವರು, ನಿಮ್ಮ ಆಫೀಸಿನವರು. ಅವರ ಹೆಸರು ಬರೆದು ನಮ್ಮ ಕೈಗೆ ಕೊಡಬೇಡಿ, ನಿಮ್ಮ ಜೇಬಲ್ಲೇ ಇಟ್ಕೊಳ್ಳಿ. ಯಾಕೆ ಬರ್ತಿಲ್ಲ ಅಂತ ಕೇಳಲಿಕ್ಕೆ ಹೋಗಬೇಡಿ. ಬಾಗಿಲು ತಟ್ಟಲೂ ಬೇಡಿ. ಏನಾದ್ರೂ ತಿನ್ನೋದು ತಗೊಂಡು ಹೋಗಿ ಚಿಲಕಕ್ಕೆ ನೇತುಹಾಕಿ ಬನ್ನಿ. ಮುಂದಿನ ವಾರ ಮತ್ತೆ ಹೋಗಿ. ಚೀಲ ವಾಪಸ್ ನೇತಾಡ್ತಿದೆಯಾ ನೋಡಿ.

ಇವತ್ತು ಇಲ್ಲೇ ಕೂತಿದ್ದೂ ಒಳಗೆ ಲೈಟ್ ಆರಿಸಿಕೊಂಡು ಮಲಗಿರೋರು ಇದ್ದರೆ, ನಿಮ್ಮ ಹತ್ತಿರ ನಾನೇನೂ ಕೇಳೋದಿಲ್ಲ. ಕೂಟ ಮುಗಿದ ಮೇಲೆ ಒಂದು ಗಂಟೆ ನಾನು ಆ ಮೂಲೆಯ ಬೆಂಚಿನ ಮೇಲೆ ಕೂತಿರ್ತೀನಿ. ಚಹಾ ಇದೆ.

ಎದ್ದು ನಿಲ್ಲೋಣ. ಕಣ್ಣು ಮುಚ್ಚಿ ಪ್ರಾರ್ಥನೆ ಮಾಡೋಣ.